“ನೀವು ಓನರೇ ಅಲ್ಲ” ಅಂದ ಬಾಡಿಗೆದಾರನನ್ನು ಬಿಡಿಸಿದ್ದು: ನನ್ನ ಅನುಭವ

ಕಳೆದ ತಿಂಗಳು ಕೋರ್ಟಿನ ಅಮೀನರು ಬಂದು ಹಳೆ ಬೀಗ ಒಡೆಸಿ ಮಳಿಗೆಯನ್ನು ನನ್ನ ವಶಕ್ಕೆ ಕೊಟ್ಟರು. ನೋಟಿಸ್ ಕಳಿಸಿದ ದಿನದಿಂದ ಲೆಕ್ಕ ಹಾಕಿದರೆ ನಾಲ್ಕು ವರ್ಷ, ಸ್ವಲ್ಪ ಹೆಚ್ಚು ಕಮ್ಮಿ. “ಹತ್ತು ವರ್ಷ ಎಳೆಯುತ್ತಾನೆ, ಖಾಲಿ ಮಾಡೋಕೆ ಆರು ಲಕ್ಷ ಕೇಳ್ತಿದ್ದಾನಲ್ಲ, ಕೊಟ್ಟು ಕೈ ತೊಳ್ಕೊ” ಅಂದವರೇ ಜಾಸ್ತಿ. ಅವರಲ್ಲಿ ಇಬ್ಬರು ಈಗ ತಮ್ಮ ತಮ್ಮ ಫೈಲು ಹಿಡಿದು ನನ್ನ ಮನೆಗೆ ಬರುತ್ತಿದ್ದಾರೆ. ಎಲ್ಲರಿಗೂ ಬೇರೆ ಬೇರೆ ಹೇಳುವ ಬದಲು ಒಮ್ಮೆ ಬರೆದುಬಿಡುತ್ತೇನೆ.

ಅವನಿಗೆ ಮಳಿಗೆ ಬಾಡಿಗೆಗೆ ಕೊಟ್ಟಿದ್ದು ಅಪ್ಪ, 2009ರಲ್ಲಿ. 2019ರಲ್ಲಿ ಅಪ್ಪ ತೀರಿಕೊಂಡರು. ಆಮೇಲೆ ಐದಾರು ತಿಂಗಳು ಬಾಡಿಗೆ ನನ್ನ ಖಾತೆಗೆ ಬಂತು, ಕೊರೋನಾ ನೆಪದಲ್ಲಿ ನಿಂತಿತು. ಕೇಳೋಕೆ ಹೋದರೆ, “ನೀವ್ಯಾರು ಸಾರ್? ಇದು ನಿಮ್ಮ ದೊಡ್ಡಪ್ಪನ ಆಸ್ತಿ. ಅವರ ಹತ್ರ ನಾನು ಅಗ್ರಿಮೆಂಟ್ ಮಾಡ್ಕೊಂಡಿದ್ದೀನಿ” ಅಂದ. ದೊಡ್ಡಪ್ಪನಿಗೂ ಈ ಮಳಿಗೆಗೂ ಸಂಬಂಧವಿಲ್ಲ ಅಂತ ಹಳೆ ವಿಭಾಗ ಪತ್ರದಲ್ಲೇ ಇತ್ತು. ಅದನ್ನು ಸಾಬೀತು ಮಾಡಲು ಹೊರಟಿದ್ದೇ ನನ್ನ ಮೊದಲ ತಪ್ಪು.

ಪೊಲೀಸರು “ಸಿವಿಲ್ ಮ್ಯಾಟರ್” ಅಂದರು, ಅದು ಗೊತ್ತಿದ್ದದ್ದೇ. ಮೀಟರ್ ಅಪ್ಪನ ಹೆಸರಿನಲ್ಲಿದೆ, ಕರೆಂಟ್ ತೆಗೆಸೋಣ ಅಂತ ಆರ್‌ಆರ್ ನಂಬರ್ ಹಿಡಿದು ಓಡಾಡಿದೆ. ಅದೂ ಆಗಲಿಲ್ಲ. ಆಗದಿದ್ದದ್ದೇ ಒಳ್ಳೆಯದಾಯಿತು, ಅದನ್ನೇ ಹಿಡಿದು ಅವನು ನನ್ನ ಮೇಲೆ ಬೀಳುತ್ತಿದ್ದ. ಮೊದಲ ವಕೀಲರು ಮಾಲೀಕತ್ವ ಘೋಷಣೆಗೇ ದಾವೆ ಹಾಕೋಣ ಅಂದರು. ಆ ದಾವೆಗೆ ಕೋರ್ಟ್ ಫೀ ಆಸ್ತಿಯ ಮಾರುಕಟ್ಟೆ ಬೆಲೆಯ ಮೇಲೆ. ನನ್ನ ಲೆಕ್ಕದಲ್ಲಿ ಒಂದು ಲಕ್ಷ ದಾಟುತ್ತಿತ್ತು. ಜೊತೆಗೆ ದೊಡ್ಡಪ್ಪ, ಅವರ ಮಕ್ಕಳು, ಅತ್ತೆಯಂದಿರು ಎಲ್ಲರೂ ಪಾರ್ಟಿ. ಅವನಿಗೆ ಬೇಕಾಗಿದ್ದದ್ದೂ ಅದೇ ಅಲ್ವಾ, ಹದಿನೈದು ವರ್ಷ ಆರಾಮಾಗಿ ಕೂರಬಹುದು. ಆ ವಕೀಲರ ಹತ್ತಿರ ಎಂಟು ತಿಂಗಳು ಮತ್ತು ಇಪ್ಪತ್ತೈದು ಸಾವಿರ ಹೋಯಿತು.

ಎರಡನೆಯ ವಕೀಲರು ಮೇಜಿನ ಮೇಲಿದ್ದ ವಿಭಾಗ ಪತ್ರವನ್ನು ಪಕ್ಕಕ್ಕೆ ಸರಿಸಿ ಕೇಳಿದ್ದು ಒಂದೇ ಪ್ರಶ್ನೆ: “ಅವನು ಒಳಗೆ ಬಂದದ್ದು ಯಾರ ಕೈಯಿಂದ?” ಅಪ್ಪನ ಕೈಯಿಂದ. ಹಾಗಾದರೆ ಅಪ್ಪ ಮಾಲೀಕರಲ್ಲ ಅನ್ನುವ ಬಾಯಿ ಅವನಿಗಿಲ್ಲ. ಹಳೆ ಸಾಕ್ಷ್ಯ ಕಾಯ್ದೆಯ ಸೆಕ್ಷನ್ 116 ಹೇಳುವುದು ಇದನ್ನೇ, ಈಗಿನ ಹೊಸ ಕಾಯ್ದೆಯಲ್ಲಿ ಸೆಕ್ಷನ್ 122. ಅಪ್ಪನ ನಂತರ ನಾನು ಅನ್ನುವುದಕ್ಕೆ ಮರಣ ಪ್ರಮಾಣ ಪತ್ರ, ವಂಶವೃಕ್ಷ, ಆಸ್ತಿಯ ಖಾತೆ, ಮೇಲೆ ಆ ಐದಾರು ತಿಂಗಳ ಬ್ಯಾಂಕ್ ಎಂಟ್ರಿ. ತಂಗಿಗೂ ಪಾಲಿದೆ ಅಂತ ಅವನು ತಗಾದೆ ತೆಗೆದ. ಸಹ ಮಾಲೀಕರಲ್ಲಿ ಒಬ್ಬರೇ ಖಾಲಿ ಮಾಡಿಸಲು ದಾವೆ ಹಾಕಬಹುದು, ಉಳಿದವರು ಅಡ್ಡಿ ಮಾಡದಿದ್ದರೆ ಸಾಕು. ಸುಪ್ರೀಂ ಕೋರ್ಟ್ 1976ರಲ್ಲೇ ಹೇಳಿದೆ.

ಮಳಿಗೆ 14 ಚದರ ಮೀಟರ್‌ಗಿಂತ ದೊಡ್ಡದು, ಹಾಗಾಗಿ ಬಾಡಿಗೆದಾರರಿಗೆ ರಕ್ಷಣೆ ಕೊಡುವ ಕರ್ನಾಟಕ ರೆಂಟ್ ಆಕ್ಟ್ ತಾಪತ್ರಯ ಇರಲಿಲ್ಲ. ಆಸ್ತಿ ವರ್ಗಾವಣೆ ಕಾಯ್ದೆಯ ಸೆಕ್ಷನ್ 106ರ ಕೆಳಗೆ ಖಾಲಿ ಮಾಡಲು 15 ದಿನದ ನೋಟಿಸ್, ಆಮೇಲೆ ದಾವೆ. ಇದಕ್ಕೆ ಕೋರ್ಟ್ ಫೀ ಒಂದು ವರ್ಷದ ಬಾಡಿಗೆಯ ಮೇಲೆ ಮಾತ್ರ. ತಿಂಗಳಿಗೆ 14,000 ಇತ್ತು, ಫೀ ಹನ್ನೊಂದೋ ಹನ್ನೆರಡೋ ಸಾವಿರ. ನನ್ನ ಹಳೆ ನೋಟಿಸ್ ನಾಲ್ಕು ಪುಟ, ತಾತನ ಕಾಲದಿಂದ ಶುರು. ಹೊಸದು ಒಂದೂವರೆ ಪುಟ. ಅದರಲ್ಲಿ ಒಂದು ಸಾಲು ಬೇಕಂತಲೇ ಹಾಕಿದ್ದೆವು, ಅವನು ಸಿಟ್ಟಿನಲ್ಲಿ ಉತ್ತರ ಬರೆಯಲಿ ಅಂತ. ಆ ಸಾಲು ಯಾವುದು ಅಂತ ಇಲ್ಲಿ ಹೇಳಲ್ಲ.

ಇನ್ನು ನಾನು ಎಡವಿದ ಜಾಗ. ನಮ್ಮನ್ನು ಕೇಳದೆ ಆದೇಶ ಕೊಡಬೇಡಿ ಅಂತ ಕೋರ್ಟಿಗೆ ಮೊದಲೇ ಕೇವಿಯಟ್ ಹಾಕಿದ್ದೆವು, ಅದು 90 ದಿನ ಮಾತ್ರ ಅನ್ನೋದು ಗೊತ್ತಿದ್ದೂ ಮರೆತೆ. ಅವಧಿ ಮುಗಿದ ವಾರದಲ್ಲೇ ಅವನು ಹೋಗಿ ತಡೆಯಾಜ್ಞೆ ತಂದ. ಎರಡು ದಿನ ಊಟ ಸೇರಲಿಲ್ಲ. ಆದರೆ ಅವನ ದಾವೆಯ ನಕಲು ತರಿಸಿ ಓದಿದಾಗ ವಕೀಲರು ನಕ್ಕುಬಿಟ್ಟರು. “ಬಲವಂತವಾಗಿ ಹೊರಗೆ ಹಾಕಬಾರದು” ಅಂತ ಕೇಳಬೇಕಾದರೆ ತಾನು ಒಳಗೆ ಹೇಗೆ ಬಂದೆ ಅಂತ ಹೇಳಲೇಬೇಕಲ್ಲ? ಮೂರನೇ ಪ್ಯಾರಾದಲ್ಲಿ ಅವನೇ ಬರೆಸಿದ್ದ: 2009ರಿಂದ ಇಂಥವರ ಬಾಡಿಗೆದಾರನಾಗಿದ್ದೇನೆ, ಅಪ್ಪನ ಹೆಸರಿನ ಸಮೇತ. ಆ ತಡೆಯಾಜ್ಞೆ ಕಾನೂನು ಪ್ರಕಾರ ಖಾಲಿ ಮಾಡಿಸೋದನ್ನು ತಡೆಯೋದೂ ಇಲ್ಲ. ದೃಢೀಕೃತ ನಕಲು ತೆಗೆಸಿ ನಮ್ಮ ದಾಖಲೆಗೆ ಸೇರಿಸಿದೆವು.

ಹಳೆ ಬಾಡಿಗೆ ಕರಾರು ಐವತ್ತು ರೂಪಾಯಿ ಸ್ಟ್ಯಾಂಪ್ ಪೇಪರಿನಲ್ಲಿತ್ತು. ಹಾಜರು ಮಾಡಿದ ಕೂಡಲೇ ಆಕ್ಷೇಪಣೆ. ಕೊರತೆ ಮುದ್ರಾಂಕದ ಜೊತೆ ಹತ್ತು ಪಟ್ಟು ದಂಡ, ಎಂಟು ಸಾವಿರ ಚಿಲ್ಲರೆ ಕಟ್ಟಿದೆ. ಕಟ್ಟಿ ಬಿಡಿ, ಅದರ ಮೇಲೆ ವಾದ ಮಾಡಿ ಆರು ತಿಂಗಳು ಕಳೆಯಬೇಡಿ.

ನನ್ನದೇ ಐಡಿಯಾ ಅಂದರೆ ಆರ್‌ಟಿಐ. ಪುರಸಭೆಯಲ್ಲಿ ಅವನ ಟ್ರೇಡ್ ಲೈಸೆನ್ಸ್ ಫೈಲಿನ ನಕಲು ಕೇಳಿದೆ. ಅರ್ಜಿಗೆ ಹತ್ತು ರೂಪಾಯಿ, ಪುಟಕ್ಕೆ ಎರಡು. ನಮ್ಮ ರಾಜ್ಯದಲ್ಲಿ ಅರ್ಜಿ 150 ಪದ ಮೀರಬಾರದು, ಮೊದಲ ಸಲ ಕಥೆ ಬರೆದು ವಾಪಸ್ ಬಂತು. ಎರಡನೇ ಸಲ ಸಿಕ್ಕಿತು. ಕಟ್ಟಡದ ಮಾಲೀಕರು ಅನ್ನೋ ಕಾಲಂನಲ್ಲಿ ಅಪ್ಪನ ಹೆಸರು, ಕೆಳಗೆ ಅವನ ಸಹಿ.

ಪಾಟೀ ಸವಾಲಿನ ದಿನ ನಮ್ಮ ವಕೀಲರು ಅವನಿಗೆ ಅಪ್ಪನ ಬಾಡಿಗೆ ಪುಸ್ತಕ ತೋರಿಸಿದರು. ಕೆಂಪು ರಟ್ಟಿನ ಚಿಕ್ಕ ನೋಟ್‌ಬುಕ್, ತಿಂಗಳಿಗೊಂದು ಸಹಿ. “ನನ್ನದಲ್ಲ” ಅಂದ. ಲೈಸೆನ್ಸ್ ಅರ್ಜಿ ಪಕ್ಕದಲ್ಲಿಟ್ಟರು. ಸುಮಾರು ಹೊತ್ತು ನೋಡಿದ, ಕರ್ಚೀಫ್ ತೆಗೆದ, “ನನ್ನದೇ, ಆದರೆ ಅದು ಕೈಸಾಲದ ಬಡ್ಡಿಗೆ ಹಾಕಿದ್ದು” ಅಂದ. ಹತ್ತು ವರ್ಷ ಪ್ರತಿ ತಿಂಗಳು ಐದನೇ ತಾರೀಖು ಬಡ್ಡಿ! ಜಡ್ಜ್ ಬರೆಯೋದು ನಿಲ್ಲಿಸಿ ಅವನ ಮುಖ ನೋಡಿದರು.

2024ರಲ್ಲಿ ನಮ್ಮ ಪರ ಡಿಕ್ರಿ (ಕೋರ್ಟಿನ ತೀರ್ಪು) ಆಯಿತು. ಅಪೀಲು ಹಾಕಿ ಸ್ಟೇ ಕೇಳಿದ. ಸುಮ್ನೆ ಸ್ಟೇ ಬೇಡ, ಬಾಕಿ ಕಟ್ಟಲಿ ಅಂತ ನಾವು ಪಟ್ಟು ಹಿಡಿದೆವು. ಕೋರ್ಟ್ ಷರತ್ತು ಹಾಕಿತು, ಒಂದು ಕಂತು ಕಟ್ಟಿ ನಿಲ್ಲಿಸಿದ, ಸ್ಟೇ ಹೋಯಿತು.

ಮೊದಲ ವಕೀಲರದ್ದೂ ಸೇರಿ ನನ್ನ ಖರ್ಚು ಒಂದೂವರೆ ಲಕ್ಷದ ಒಳಗೆ. ಬಾಕಿ ಬಾಡಿಗೆ, ಅವನ ಅಡ್ವಾನ್ಸ್ ಒಂದು ಲಕ್ಷ ಕಳೆದರೂ ಏಳು ಲಕ್ಷದ ಹತ್ತಿರ ಬರಬೇಕು. ಅವನ ಹೆಸರಿನಲ್ಲಿ ಒಂದು ಗೂಡ್ಸ್ ಆಟೋ ಇದೆಯಂತೆ, ಜಪ್ತಿಗೆ ಅರ್ಜಿ ಸೋಮವಾರ ಹಾಕುತ್ತಿದ್ದೇವೆ.