ಸೊರಗಿದ ಪೇಟೆಬೀದಿಯನ್ನು ಮತ್ತೆ ಎಬ್ಬಿಸುವ ಕ್ರಮ

ಹಳೆಯ ಪೇಟೆಬೀದಿಯಲ್ಲಿ ಒಂದೊಂದಾಗಿ ಶಟರುಗಳು ಇಳಿದು ವರ್ಷಗಟ್ಟಲೆ ಮೇಲೇಳದಿದ್ದಾಗ ಸಾಮಾನ್ಯವಾಗಿ ಮೊದಲು ಬರುವ ಸಲಹೆ ಹೊಸ ಕಲ್ಲುಹಾಸು, ಅಲಂಕಾರದ ದೀಪಕಂಬ, ಬೀದಿಯ ಬಾಯಿಗೊಂದು ಕಮಾನು. ಇವು ಕಣ್ಣಿಗೆ ಕಾಣುವ ಕೆಲಸಗಳಾದ್ದರಿಂದ ಹಣವೂ ಬೇಗ ಮಂಜೂರಾಗುತ್ತದೆ. ಆದರೆ ಸರದಿಯಲ್ಲಿ ಇವು ಕೊನೆಗೆ ಬರಬೇಕಾದವು. ವರ್ತಕರು, ಕಟ್ಟಡಗಳ ಮಾಲೀಕರು ಮತ್ತು ಸ್ಥಳೀಯ ಸಂಸ್ಥೆಯವರು ಕೂಡಿ ಇಂಥ ಬೀದಿಯೊಂದನ್ನು ಕೈಗೆತ್ತಿಕೊಳ್ಳುವುದಾದರೆ ಯಾವುದರ ನಂತರ ಯಾವುದನ್ನು ಮಾಡಬೇಕು ಎಂಬುದನ್ನು ಮುಂದೆ ವಿವರಿಸಿದೆ.

ಬೀದಿ ಸೊರಗಲು ಕಾರಣಗಳು ಬಹುತೇಕ ಎಲ್ಲರಿಗೂ ಗೊತ್ತಿರುವಂಥವೇ: ಕಾರು ಬಂದ ಮೇಲೆ ಊರಾಚೆ ಎದ್ದ ದೊಡ್ಡ ಮಳಿಗೆಗಳು, ಮಾಲ್, ಆನ್‌ಲೈನ್ ಖರೀದಿ, ಪೇಟೆಯ ನಡುವಿನಿಂದ ಹೊರಟುಹೋದ ಬ್ಯಾಂಕು ಮತ್ತು ಕಚೇರಿಗಳು. ಇವುಗಳಲ್ಲಿ ಯಾವುದನ್ನೂ ಒಂದು ಬೀದಿಯವರು ತಡೆಯಲಾರರು. ಅವರು ಸರಿಪಡಿಸಬಹುದಾದ ಕೊರತೆ ಬೇರೆಯೇ ಇದೆ. ವಾಸ್ತುಶಿಲ್ಪಿ ವಿಕ್ಟರ್ ಗ್ರುಯೆನ್ ವಿನ್ಯಾಸ ಮಾಡಿದ, ಪೂರ್ತಿ ಒಂದೇ ಸೂರಿನಡಿಯಿರುವ ಸೌತ್‌ಡೇಲ್ ಮಾಲ್ 1956ರಲ್ಲಿ ಅಮೆರಿಕದ ಮಿನೆಸೋಟದಲ್ಲಿ ತೆರೆದಾಗಿನಿಂದ ಇಂದಿನವರೆಗೂ ಮಾಲ್‌ಗಳ ನಿಜವಾದ ಬಲವೆಂದರೆ ಒಂದೇ ಆಡಳಿತ. ಯಾವ ಅಂಗಡಿ ಎಲ್ಲಿರಬೇಕು, ಬಾಡಿಗೆ ಎಷ್ಟಿರಬೇಕು, ಬಾಗಿಲು ಎಷ್ಟು ಹೊತ್ತಿಗೆ ತೆರೆಯಬೇಕು, ಕಸ ಯಾರು ಗುಡಿಸಬೇಕು ಎಂಬುದನ್ನೆಲ್ಲ ಅಲ್ಲಿ ಒಬ್ಬರೇ ನಿರ್ಧರಿಸುತ್ತಾರೆ. ಪೇಟೆಬೀದಿಯಲ್ಲಿ ನೂರು ಬಾಗಿಲಿದ್ದರೆ ನೂರು ಯಜಮಾನರು, ಬೀದಿಗೆ ಮಾತ್ರ ಯಜಮಾನರಿಲ್ಲ. ಆದ್ದರಿಂದ ಬೀದಿಯು ಒಟ್ಟಾಗಿ ತೀರ್ಮಾನ ತೆಗೆದುಕೊಳ್ಳುವಂತೆ ಮಾಡುವುದೇ ಈ ಕೆಲಸದ ತಿರುಳು.

ಮೊದಲು ಒಂದು ದಾಖಲೆಪುಸ್ತಕ ತಯಾರಾಗಬೇಕು. ಬೀದಿಯ ಈ ತುದಿಯಿಂದ ಆ ತುದಿಯವರೆಗೆ ನಡೆದು ಪ್ರತಿಯೊಂದು ಬಾಗಿಲಿನ ಅಗಲ, ಮಾಲೀಕರು ಯಾರು, ಬಾಡಿಗೆದಾರರು ಯಾರು, ಕರಾರು ಯಾವಾಗ ಮುಗಿಯುತ್ತದೆ, ಮೇಲಿನ ಮಹಡಿಯಲ್ಲಿ ಏನಿದೆ, ಖಾಲಿಯಿದ್ದರೆ ಎಷ್ಟು ಕಾಲದಿಂದ ಮತ್ತು ಏಕೆ ಎಂಬುದನ್ನು ಬರೆದುಕೊಳ್ಳಬೇಕು. ಇಬ್ಬರು ಬಾಡಿಗೆದಾರರ ನಡುವೆ ಕೆಲವು ತಿಂಗಳು ಖಾಲಿ ಬಿದ್ದ ಮಳಿಗೆಗೂ, ಕುಟುಂಬದ ಆಸ್ತಿ ವ್ಯಾಜ್ಯದಿಂದ ಹಲವು ವರ್ಷ ಬೀಗ ಬಿದ್ದಿರುವ ಮಳಿಗೆಗೂ ಚಿಕಿತ್ಸೆ ಒಂದೇ ಆಗಲಾರದು. ಬಾಡಿಗೆ ಇಳಿಸಿದರೆ ಕಟ್ಟಡದ ಬೆಲೆಯೇ ಕಾಗದದ ಮೇಲೆ ಇಳಿದುಬಿಡುತ್ತದೆ, ಅದನ್ನು ಆಧಾರವಾಗಿಟ್ಟು ತಂದ ಸಾಲಕ್ಕೆ ತೊಂದರೆಯಾಗುತ್ತದೆ ಎಂಬ ಕಾರಣಕ್ಕೇ ಮಳಿಗೆಯನ್ನು ಖಾಲಿ ಬಿಡುವ ಮಾಲೀಕರೂ ಇದ್ದಾರೆ. ಅಂಥವರಿಗೆ ಬುದ್ಧಿವಾದದಿಂದ ಪ್ರಯೋಜನವಿಲ್ಲ. ಹಲವೆಡೆ ಕಷ್ಟವಾಗುವುದು ಮಾಲೀಕರನ್ನು ಒಪ್ಪಿಸುವುದಕ್ಕಿಂತ ಅವರನ್ನು ಪತ್ತೆ ಹಚ್ಚುವುದು. ಹೀಗಾಗಿ ಈ ಹಂತಕ್ಕೆ ಬೇಕಾದಷ್ಟು ಸಮಯ ಕೊಡುವುದು ಒಳ್ಳೆಯದು.

ಇದರ ಜೊತೆಗೆ ಕಾಲ್ನಡಿಗೆಯವರ ಎಣಿಕೆಯೂ ನಡೆಯಬೇಕು. ಗೊತ್ತುಪಡಿಸಿದ ಕೆಲವು ಜಾಗಗಳಲ್ಲಿ ನಿಂತು, ಪ್ರತಿ ಗಂಟೆಯ ಅದೇ ಹತ್ತು ನಿಮಿಷದಲ್ಲಿ ಎಷ್ಟು ಮಂದಿ ಹಾದುಹೋದರು ಎಂಬುದನ್ನು ವಾರದ ನಡುವಿನ ಒಂದು ದಿನ ಮತ್ತು ರಜೆಯ ಒಂದು ದಿನ ಎಣಿಸಿದರೆ ಆರಂಭಕ್ಕೆ ಸಾಕು. ಬಂದವರನ್ನು ಎಲ್ಲಿಂದ, ಹೇಗೆ ಬಂದಿರಿ ಎಂದೂ ಕೇಳಬೇಕು, ಏಕೆಂದರೆ ಈ ವಿಷಯದಲ್ಲಿ ವ್ಯಾಪಾರಿಗಳ ಅಂದಾಜು ತಪ್ಪುವುದೇ ಹೆಚ್ಚು. ಇಂಗ್ಲೆಂಡಿನ ಬ್ರಿಸ್ಟಲ್‌ನಲ್ಲಿ 2006ರಲ್ಲಿ ನಡೆದ ಸಮೀಕ್ಷೆಯೊಂದರಲ್ಲಿ ಅಂಗಡಿಯವರು ತಮ್ಮ ಗಿರಾಕಿಗಳಲ್ಲಿ ಶೇ. 41ರಷ್ಟು ಮಂದಿ ಕಾರಿನಲ್ಲಿ ಬರುತ್ತಾರೆ ಎಂದುಕೊಂಡಿದ್ದರು. ಗಿರಾಕಿಗಳನ್ನೇ ಕೇಳಿದಾಗ ಆ ಪ್ರಮಾಣ ಶೇ. 22 ಮಾತ್ರ ಇತ್ತು. ಪಾರ್ಕಿಂಗ್ ಕುರಿತ ಜಗಳಗಳಲ್ಲಿ ಅರ್ಧದಷ್ಟು ಇಂಥ ಎಣಿಕೆಯ ಮುಂದೆ ತಾವಾಗಿಯೇ ತಣ್ಣಗಾಗುತ್ತವೆ.

ದಾಖಲೆ ಕೈಗೆ ಬಂದ ಮೇಲೆ ಬೀದಿಯವರ ಸಂಘವೊಂದನ್ನು ಕಟ್ಟಬೇಕು. ಇಲ್ಲಿ ಎರಡು ಮಾದರಿಗಳು ಕಲಿಯುವಂತಿವೆ. ಟೊರಾಂಟೊ ನಗರದ ಬ್ಲೂರ್ ವೆಸ್ಟ್ ವಿಲೇಜ್ ಬೀದಿಯಲ್ಲಿ ನೆಲದಡಿಯ ರೈಲು ಬಂದು ಜನರು ಮೇಲಿನ ರಸ್ತೆಯನ್ನು ಬಿಟ್ಟಾಗ, ಹತ್ತಿರದ ಮಾಲ್‌ಗಳ ಪೈಪೋಟಿಯೂ ಸೇರಿಕೊಂಡಾಗ, ಅಲ್ಲಿನ ವರ್ತಕರು 1970ರಲ್ಲಿ ಒಂದು ವ್ಯವಸ್ಥೆ ಮಾಡಿಕೊಂಡರು: ಬೀದಿಯ ಎಲ್ಲ ವ್ಯಾಪಾರಿಗಳ ಮೇಲೂ ಕಾನೂನಿನ ಪ್ರಕಾರ ಒಂದು ಹೆಚ್ಚುವರಿ ಶುಲ್ಕ ಬೀಳುತ್ತದೆ, ನಗರಾಡಳಿತ ಅದನ್ನು ವಸೂಲಿ ಮಾಡಿ ಬೀದಿಗೇ ಮರಳಿಸುತ್ತದೆ. ಮುಂದೆ ಹಲವು ದೇಶಗಳಿಗೆ ಹರಡಿದ ವ್ಯಾಪಾರ ಸುಧಾರಣಾ ವಲಯಗಳಿಗೆ ಇದೇ ಮೂಲ. ಶುಲ್ಕ ಕಡ್ಡಾಯವಾಗಿರುವುದು ಮುಖ್ಯ. ಸ್ವಇಚ್ಛೆಯ ಚಂದಾ ನಂಬಿದರೆ ಹತ್ತು ಮಂದಿ ಕೊಟ್ಟು ತೊಂಬತ್ತು ಮಂದಿ ಅನುಭವಿಸುತ್ತಾರೆ, ಕೊನೆಗೆ ಆ ಹತ್ತು ಮಂದಿಯೂ ನಿಲ್ಲಿಸುತ್ತಾರೆ. ಎರಡನೆಯದು ಅಮೆರಿಕದಲ್ಲಿ ಹಳೆಯ ಕಟ್ಟಡಗಳನ್ನು ಕಾಪಾಡುವ ನ್ಯಾಷನಲ್ ಟ್ರಸ್ಟ್ ಫಾರ್ ಹಿಸ್ಟಾರಿಕ್ ಪ್ರಿಸರ್ವೇಷನ್ 1977ರಲ್ಲಿ ಗೇಲ್ಸ್‌ಬರ್ಗ್, ಹಾಟ್ ಸ್ಪ್ರಿಂಗ್ಸ್ ಮತ್ತು ಮ್ಯಾಡಿಸನ್ ಎಂಬ ಮೂರು ಸಣ್ಣ ಊರುಗಳಲ್ಲಿ ಶುರುಮಾಡಿದ ಮೇನ್ ಸ್ಟ್ರೀಟ್ ಪ್ರಯೋಗ. ಪ್ರತಿ ಊರಿಗೂ ಸಂಬಳ ಪಡೆಯುವ ವ್ಯವಸ್ಥಾಪಕರೊಬ್ಬರನ್ನು ನೇಮಿಸಿದ್ದು ಅದರ ಬೆನ್ನೆಲುಬಾಗಿತ್ತು. ರಾತ್ರಿ ಅಂಗಡಿ ಮುಚ್ಚಿದ ಮೇಲೆ ಸಂಘದ ದಣಿದ ಅಧ್ಯಕ್ಷರು ಬೀದಿಯನ್ನೂ ನೋಡಿಕೊಳ್ಳಲಿ ಎಂದು ನಿರೀಕ್ಷಿಸುವುದು ಅನ್ಯಾಯ, ನಿಷ್ಪ್ರಯೋಜಕವೂ ಹೌದು.

ಈಗ ಖಾಲಿ ಮಳಿಗೆಗಳ ಕಡೆಗೆ ಬರಬಹುದು, ಮತ್ತು ಶ್ರಮದ ಹೆಚ್ಚಿನ ಪಾಲು ಇಲ್ಲಿಗೇ ಸಲ್ಲಬೇಕು. ಮಾಲೀಕರ ಮುಖ್ಯ ಭಯವೆಂದರೆ ಒಮ್ಮೆ ಒಳಗೆ ಬಿಟ್ಟವರನ್ನು ಬಿಡಿಸಲಾಗದು ಎಂಬುದು. ಆಸ್ಟ್ರೇಲಿಯಾದ ನ್ಯೂಕಾಸಲ್ ನಗರದಲ್ಲಿ ಮಾರ್ಕಸ್ ವೆಸ್ಟ್‌ಬರಿಯವರು 2008ರಲ್ಲಿ ಆರಂಭಿಸಿದ ರಿನ್ಯೂ ನ್ಯೂಕಾಸಲ್ ಈ ಭಯಕ್ಕೆ ನೇರ ಉತ್ತರ ಕೊಟ್ಟಿತು. ಬಾಡಿಗೆ ಕರಾರಿನ ಬದಲು 30 ದಿನಗಳಿಗೊಮ್ಮೆ ಮುಂದುವರಿಯುವ ಬಳಕೆಯ ಅನುಮತಿ ಪತ್ರ ಮಾತ್ರ ಇರುತ್ತಿತ್ತು. ಪೂರ್ಣ ಬಾಡಿಗೆಯ ಗಿರಾಕಿ ಸಿಕ್ಕ ದಿನ ಮಾಲೀಕರು ಜಾಗವನ್ನು ವಾಪಸು ಪಡೆಯಬಹುದಿತ್ತು, ಅಲ್ಲಿಯವರೆಗೆ ಕಲಾವಿದರು ಮತ್ತು ಸಣ್ಣ ತಯಾರಕರು ಅದನ್ನು ನೋಡಿಕೊಳ್ಳುತ್ತಿದ್ದರು. ಇಂಥ ತಾತ್ಕಾಲಿಕ ಬಳಕೆಯಿಂದ ಬೀದಿಗೆ ಬೆಳಕು ಬರುತ್ತದೆ, ಆದರೆ ಅದನ್ನೇ ಪರಿಹಾರವೆಂದು ತಿಳಿಯಬಾರದು. ಮುಂದಿನ ಹೆಜ್ಜೆಯಾಗಿ ವಹಿವಾಟಿನ ಪಾಲನ್ನು ಆಧರಿಸಿದ ಬಾಡಿಗೆ, ಅಥವಾ ಮೊದಲ ವರ್ಷ ಕಡಿಮೆಯಿದ್ದು ಕ್ರಮೇಣ ಏರುವ ಬಾಡಿಗೆಯ ಕರಾರುಗಳನ್ನು ಸಂಘವೇ ಸಿದ್ಧಪಡಿಸಿ ಇಟ್ಟುಕೊಂಡಿರಬೇಕು.

ಒಪ್ಪದವರ ವಿಷಯದಲ್ಲಿ ಕಾನೂನಿನ ನೆರವು ಬೇಕಾಗುತ್ತದೆ. ಇಂಗ್ಲೆಂಡಿನಲ್ಲಿ 2024ರ ಡಿಸೆಂಬರ್‌ನಿಂದ, ಹಿಂದಿನ 24 ತಿಂಗಳಲ್ಲಿ 365ಕ್ಕೂ ಹೆಚ್ಚು ದಿನ ಖಾಲಿ ಬಿದ್ದ ಪೇಟೆ ಮಳಿಗೆಯ ಬಾಡಿಗೆ ಹಕ್ಕನ್ನು ಸ್ಥಳೀಯ ಆಡಳಿತವೇ ಹರಾಜಿಗಿಟ್ಟು 1ರಿಂದ 5 ವರ್ಷಗಳ ಅವಧಿಗೆ ಕೊಡಿಸಬಹುದು. ಜಪಾನಿನ ತಕಾಮಾತ್ಸು ನಗರದ ಮಾರುಗಾಮೆಮಾಚಿ ಬೀದಿಯವರು ಇನ್ನೂ ಮುಂದೆ ಹೋಗಿ, ಭೂಮಿಯ ಒಡೆತನವನ್ನು ತಮ್ಮಲ್ಲೇ ಉಳಿಸಿಕೊಂಡು, ಬಳಕೆಯ ಹಕ್ಕನ್ನು ಮಾತ್ರ ದೀರ್ಘಾವಧಿಗೆ ತಾವೇ ಕಟ್ಟಿದ ಕಂಪನಿಗೆ ಒಪ್ಪಿಸಿದರು. ಆ ಕಂಪನಿ ಬೀದಿಯನ್ನು ಒಂದೇ ಘಟಕವಾಗಿ ನಡೆಸುತ್ತದೆ. ನನ್ನ ದೃಷ್ಟಿಯಲ್ಲಿ ಯಜಮಾನನಿಲ್ಲದ ಬೀದಿಯ ಸಮಸ್ಯೆಗೆ ಇದಕ್ಕಿಂತ ಪೂರ್ಣವಾದ ಉತ್ತರವಿಲ್ಲ, ಆದರೆ ಪರಸ್ಪರ ನಂಬಿಕೆಯಿರುವ ಮಾಲೀಕರು ಇರುವಲ್ಲಿ ಮಾತ್ರ ಇದು ಸಾಧ್ಯ.

ಎಲ್ಲ ಮಳಿಗೆಗಳೂ ಮತ್ತೆ ಅಂಗಡಿಗಳೇ ಆಗಬೇಕೆಂಬ ಹಟ ಬೇಡ. ಬೀದಿಯ ಉದ್ದ ಇಂದಿನ ವ್ಯಾಪಾರಕ್ಕೆ ಹೆಚ್ಚಾಗಿದ್ದರೆ ಅಂಗಡಿಗಳನ್ನು ಮಧ್ಯಭಾಗದಲ್ಲಿ ಒತ್ತಾಗಿಸಿ, ತುದಿಗಳನ್ನು ಮನೆ, ಚಿಕಿತ್ಸಾಲಯ, ಗ್ರಂಥಾಲಯ, ತರಬೇತಿ ಕೇಂದ್ರಗಳಿಗೆ ಬಿಡುವುದು ಜಾಣತನ. ಇಂಗ್ಲೆಂಡಿನ ಸ್ಟಾಕ್‌ಟನ್ ಊರಿನ ಆಡಳಿತವಂತೂ ಪೇಟೆಯ ಶಾಪಿಂಗ್ ಕೇಂದ್ರವೊಂದನ್ನು ಕೊಂಡು, ಕೆಡವಿ, ಅಲ್ಲಿ ನದಿದಂಡೆಯ ಉದ್ಯಾನ ಮಾಡಲು ಹೊರಟಿತು. ಮೇಲಿನ ಮಹಡಿಗಳಲ್ಲಿ ಜನ ವಾಸಿಸಿದರೆ ಸಂಜೆಯ ನಂತರವೂ ಬೀದಿಯಲ್ಲಿ ಓಡಾಟವಿರುತ್ತದೆ, ಅಂಗಡಿಗಳಿಗೆ ನಿತ್ಯದ ಗಿರಾಕಿಗಳೂ ಸಿಗುತ್ತಾರೆ. ಇದಕ್ಕೆ ಅಡ್ಡಿಯಾಗುವುದು ಬಹಳ ಸಣ್ಣ ಸಂಗತಿ: ಎಷ್ಟೋ ಕಟ್ಟಡಗಳಲ್ಲಿ ಅಂಗಡಿಯ ಮುಂಭಾಗವನ್ನು ಅಗಲಿಸಲು ಬೀದಿಯಿಂದ ಮೇಲೆ ಹೋಗುವ ಪ್ರತ್ಯೇಕ ಮೆಟ್ಟಿಲನ್ನೇ ಕಿತ್ತುಹಾಕಲಾಗಿದೆ. ದಾಖಲೆಪುಸ್ತಕದಲ್ಲಿ ಮೆಟ್ಟಿಲಿಗೂ ಒಂದು ಕಲಂ ಇರಲಿ.

ಇಷ್ಟಾದ ಮೇಲೆ ರಸ್ತೆಯ ವಿಚಾರ. ವಾಹನ ನಿಷೇಧಿಸಿದರೆ ಜನ ಬರುತ್ತಾರೆ ಎಂಬ ನಂಬಿಕೆ ಅಮೆರಿಕದಲ್ಲಿ ದುಬಾರಿಯಾಯಿತು. ಕಲಮಜೂ ನಗರ 1959ರಲ್ಲಿ ಪೇಟೆಬೀದಿಯನ್ನು ಪಾದಚಾರಿಗಳಿಗೆ ಮೀಸಲಿಟ್ಟು, 1998ರಲ್ಲಿ ಅದರ ಒಂದು ಭಾಗವನ್ನು ಕಾರುಗಳಿಗೆ ಮರಳಿ ತೆರೆಯಿತು. ಶಿಕಾಗೊ ನಗರದ ಸ್ಟೇಟ್ ಸ್ಟ್ರೀಟ್ 1979ರಿಂದ 1996ರವರೆಗೆ ಅದೇ ದಾರಿ ತುಳಿದು ಹಿಂದಿರುಗಿತು. ಇತ್ತ ಕೋಪನ್‌ಹೇಗನ್ ನಗರದ ಸ್ಟ್ರೊಯೆಟ್ ಬೀದಿ 1962ರಲ್ಲಿ ಪ್ರಯೋಗವಾಗಿ ಶುರುವಾಗಿ ಇಂದಿಗೂ ತುಂಬಿ ಹರಿಯುತ್ತಿದೆ. ಕೋಪನ್‌ಹೇಗನ್‌ನಲ್ಲಿ ಬೀದಿಯ ಸುತ್ತ ಮನೆಗಳೂ ಕೆಲಸದ ಜಾಗಗಳೂ ಇದ್ದವು, ನಡೆಯುವವರು ಮೊದಲೇ ಇದ್ದರು. ಅಮೆರಿಕದ ಪೇಟೆಗಳಲ್ಲಿ ಅವರು ಆಗಲೇ ಊರಾಚೆಗೆ ಹೋಗಿಯಾಗಿತ್ತು. ನಿಮ್ಮ ಎಣಿಕೆ ಏನು ಹೇಳುತ್ತದೆ ಎಂಬುದನ್ನು ನೋಡಿ, ಮೊದಲು ರಜೆಯ ದಿನಗಳಲ್ಲಿ ಬಣ್ಣ, ಕುಂಡ, ಕುರ್ಚಿಗಳಿಂದ ಪರೀಕ್ಷಿಸಿ, ಆಮೇಲೆ ಕಲ್ಲು ಹಾಸಿ. ಸರಕು ಇಳಿಸಲು ಬೆಳಗಿನ ನಿಗದಿತ ವೇಳೆ ಇರಲಿ. ಕಾಮಗಾರಿಯನ್ನು ತುಂಡುತುಂಡಾಗಿ ಮಾಡಿಸಿ. ಇಡೀ ಬೀದಿಯನ್ನು ಒಟ್ಟಿಗೆ ಅಗೆದರೆ ಉಳಿದಿದ್ದ ಅಂಗಡಿಗಳೂ ಆ ಧೂಳಿನಲ್ಲೇ ಮುಚ್ಚಿಹೋಗುತ್ತವೆ.

ಅಂಗಡಿಗಳ ಮುಂಭಾಗದ ಬಗ್ಗೆ ಒಂದೇ ನಿಯಮ ಸಾಕು: ಬಾಗಿಲುಗಳ ಸಂಖ್ಯೆ ಕಡಿಮೆಯಾಗಬಾರದು. ಡೆನ್ಮಾರ್ಕಿನ ವಾಸ್ತುಶಿಲ್ಪಿ ಯಾನ್ ಗೆಲ್ ಅವರ ಪ್ರಕಾರ ಜೀವಂತ ಬೀದಿಯಲ್ಲಿ ಪ್ರತಿ 100 ಮೀಟರಿಗೆ 15ರಿಂದ 20 ಬಾಗಿಲುಗಳಿರುತ್ತವೆ. ನಾಲ್ಕು ಮಳಿಗೆಗಳನ್ನು ಕೂಡಿಸಿ ಒಂದು ಮಾಡಲು ಬರುವ ಅರ್ಜಿಗಳನ್ನು ಈ ಲೆಕ್ಕ ಮುಂದಿಟ್ಟು ಪರಿಶೀಲಿಸಬೇಕು.

ಬೀದಿ ಚೇತರಿಸಿಕೊಂಡರೆ ಬಾಡಿಗೆ ಏರುತ್ತದೆ, ಮತ್ತು ಕಷ್ಟಕಾಲದಲ್ಲಿ ಬಂದು ನಿಂತ ಸಣ್ಣ ವ್ಯಾಪಾರಿಗಳೇ ಮೊದಲು ಹೊರಬೀಳುತ್ತಾರೆ. ಇದನ್ನು ಆಗ ನೋಡೋಣ ಎನ್ನುವಂತಿಲ್ಲ, ಏಕೆಂದರೆ ಆಗ ಮಾಲೀಕರಿಗೆ ಒಪ್ಪುವ ಅಗತ್ಯವೇ ಇರುವುದಿಲ್ಲ. ಮಳಿಗೆಗಳು ಖಾಲಿ ಇರುವಾಗಲೇ ನವೀಕರಣದ ಹಕ್ಕನ್ನೂ ಬಾಡಿಗೆ ಏರಿಕೆಯ ಮಿತಿಯನ್ನೂ ಕರಾರಿನಲ್ಲಿ ಬರೆಸಿಕೊಳ್ಳಬೇಕು. ಸಾಧ್ಯವಿದ್ದಲ್ಲಿ ಬೆಲೆ ತಗ್ಗಿರುವ ಆ ದಿನಗಳಲ್ಲೇ ಸಂಘವೋ ಸ್ಥಳೀಯ ಸಂಸ್ಥೆಯೋ ಬೀದಿಯ ಕೆಲವು ಮಳಿಗೆಗಳನ್ನು ಕೊಂಡುಕೊಂಡು, ಅವುಗಳ ಬಾಡಿಗೆಯನ್ನು ತನ್ನ ಕೈಯಲ್ಲೇ ಇಟ್ಟುಕೊಳ್ಳಬೇಕು.