ಜಪಾನಿ ಬರದೇ 31ನೇ ಡಿವಿಜನ್ನಿನ ಬೆನ್ನು ಹತ್ತಿದ್ದು

'ಜಪಾನಿ ಓದಕ್ಕೆ ಬರಲ್ಲ, ಜಪಾನಿ ಡಿವಿಜನ್ನಿನ ದಿನವಹಿ ಬರೀತೀಯಾ?' ಅಂತ ನಮ್ಮ ಗುಂಪಿನ ಹಿರಿಯರೊಬ್ಬರು ನಕ್ಕಿದ್ದರು. ಅದಾಗಿ ನಾಲ್ಕು ವರ್ಷ. ಎರಡನೇ ಮಹಾಯುದ್ಧದಲ್ಲಿ ಬರ್ಮಾದಿಂದ ಬಂದು ನಾಗಾಲ್ಯಾಂಡಿನ ಕೊಹಿಮಾವನ್ನು ಮುತ್ತಿದ್ದು ಈ 31ನೇ ಡಿವಿಜನ್ನೇ. ಈಗ 1944ರ ಮಾರ್ಚ್ 15ರಿಂದ ಜೂನ್ 22ರ ತನಕ, ಸರಿಯಾಗಿ ನೂರು ದಿನ, ಅದರ ಮೂರೂ ರೆಜಿಮೆಂಟು ಯಾವ ದಿನ ಎಲ್ಲಿತ್ತು ಅನ್ನೋದು ನನ್ನ ಪಟ್ಟಿಯಲ್ಲಿ ಕೂತಿದೆ. ಅದಕ್ಕೇ ಬರೆಯುತ್ತಿದ್ದೇನೆ.

ಕೊಹಿಮಾ ಕಥೆ ನಿಮಗೆಲ್ಲ ಗೊತ್ತು. ಬ್ರಿಟಿಷರ ಕಡೆಯವರು ಹೇಳೋ ಟೆನಿಸ್ ಕೋರ್ಟಿನ ಕಾಳಗ, ಚೆರ್ರಿ ಮರ ಎಲ್ಲ ಬಿಡಿ. ನನಗೆ ಬೇಕಾಗಿದ್ದು ಎದುರು ಕಡೆಯವರ, ಅಂದರೆ ಜಪಾನಿಯರ ಲೆಕ್ಕ.

ಮೊದಲು ದುಡ್ಡು ಕಳೆದೆ. ಒಬ್ಬ ಅನುವಾದಕರಿಗೆ ಜಪಾನಿ ದಾಖಲೆಯ ನಲವತ್ತು ಪುಟಕ್ಕೆ ಹದಿನೆಂಟು ಸಾವಿರದ ಹತ್ತಿರ ಕೊಟ್ಟೆ. ಬಂದ ಪ್ರತಿಯಲ್ಲಿ ರೆಜಿಮೆಂಟು ಹೋಗಿ ಅದರೊಳಗಿನ ಸಣ್ಣ ತುಕಡಿಯಾದ ಬೆಟಾಲಿಯನ್ ಆಗಿತ್ತು. ಆಮೇಲೆ ಫೋನಿನ ಅನುವಾದ. ಅದು 'ನಾಯಿಯ ಮೇಲೆ ದಾಳಿ', 'ಕುದುರೆ ಕೈಬಿಟ್ಟುಹೋಯಿತು' ಅಂತ ಕೊಟ್ಟಿತು. ಬೈದುಕೊಂಡು ಮುಚ್ಚಿಟ್ಟೆ. ಎಂಟು ತಿಂಗಳಾದ ಮೇಲೆ ಗೊತ್ತಾಯಿತು, ಫೋನು ಸರಿಯಾಗೇ ಹೇಳಿತ್ತು! ಕೊಹಿಮಾ ದಿಬ್ಬದ ಗುಡ್ಡಗಳಿಗೆ ಜಪಾನಿಯರು ಮೇಕೆ, ಕುದುರೆ, ಹಸು, ಕೋತಿ, ನಾಯಿ ಅಂತಲೇ ಹೆಸರಿಟ್ಟಿದ್ದರು. ಯಾವ ಪ್ರಾಣಿ ಯಾವ ಗುಡ್ಡ ಅಂತ ಹೇಗೆ ಹೊಂದಿಸಿದೆ ಅನ್ನೋದನ್ನ ಮಾತ್ರ ಹೇಳಲ್ಲ. ಅದಕ್ಕೆ ಒಂದು ಇಡೀ ಮಳೆಗಾಲ ಹೋಗಿದೆ.

ದಾರಿ ಸಿಕ್ಕಿದ್ದು ಭಾಷೆ ಕಲಿಯೋದನ್ನ ಕೈಬಿಟ್ಟಾಗ. ಪರದೇಶದ ಊರಿನ ಹೆಸರುಗಳನ್ನ ಅವರು ಕತಕಾನಾ ಲಿಪಿಯಲ್ಲಿ ಬರೆಯುತ್ತಾರೆ. ಮೂಲ ಅಕ್ಷರ ನಲವತ್ತಾರೇ. ಅದರ ವರಸೆ ನಮ್ಮ ಕಾಗುಣಿತದ ಮನೆಯದೇ: ಅ ಇ ಉ ಎ ಒ, ಕ ಕಿ ಕು ಕೆ ಕೊ. ಮೂರು ವಾರದಲ್ಲಿ ಬಂತು. ಕೊನೆಗೆ ಉಕಾರ ಹಚ್ಚೋ ಚಟವೂ ನಮ್ಮದೇ, ನಾವು ಬಸ್ಸು ಅಂದಂತೆ ಅವರು ಮಣಿಪುರದ ಸಾಂಗ್‌ಶಾಕನ್ನ 'ಸಂಜಾಕ್ಕು' ಅಂತ ಬರೆಯುತ್ತಾರೆ. ಇಂಫಾಲ 'ಇನ್ಪಾರು'. ಊರಿನ ಹೆಸರು, ತಾರೀಖು, ರೆಜಿಮೆಂಟ್ ನಂಬರು. ಈ ಮೂರನ್ನು ಬಿಟ್ಟು ಬೇರೇನೂ ಓದಲೇ ಇಲ್ಲ. ಜಪಾನಿ ಶಕೆಯ ಶೋವಾ 19 ಅಂದರೆ 1944, ಅಷ್ಟು ಗೊತ್ತಿದ್ದರೆ ಸಾಕು.

ಮುಗ್ಗರಿಸಿದ್ದು ಗಡಿಯಾರದಲ್ಲಿ. ಜಪಾನಿ ಸೇನೆ ಬರ್ಮಾದಲ್ಲೂ ಟೋಕಿಯೋ ಸಮಯವನ್ನೇ ಹಿಡಿದಿತ್ತು. ಸರಿ, ಭಾರತದ ಸಮಯಕ್ಕೆ ತರಲು ಅದರಿಂದ ಮೂರೂವರೆ ಗಂಟೆ ಕಳೆದೆ. ಸಾಂಗ್‌ಶಾಕ್ ಕಾಳಗ ಹೊಂದಲೇ ಇಲ್ಲ. ಅಲ್ಲಿ ಬ್ರಿಟಿಷ್ ಭಾರತದ 50ನೇ ಪ್ಯಾರಾಚೂಟ್ ಬ್ರಿಗೇಡಿನ ಜೊತೆ 4/5 ಮರಾಠಾ (5ನೇ ಮರಾಠಾ ರೆಜಿಮೆಂಟಿನ 4ನೇ ಬೆಟಾಲಿಯನ್) ಇತ್ತು, ನಮ್ಮ ಬೆಳಗಾವಿಯಲ್ಲಿ ತರಬೇತಿ ಕೇಂದ್ರ ಇದ್ದ ರೆಜಿಮೆಂಟೇ. ಬ್ರಿಟಿಷ್ ಕಡೆಯ ದಾಖಲೆಯ ಸಮಯಕ್ಕೂ ನನ್ನದಕ್ಕೂ ಪ್ರತಿ ಸಲ ಒಂದು ಗಂಟೆ ವ್ಯತ್ಯಾಸ. ಎರಡು ತಿಂಗಳು ತಲೆ ಕೆರೆದುಕೊಂಡೆ. ಯುದ್ಧಕಾಲದಲ್ಲಿ ಭಾರತದ ಗಡಿಯಾರವನ್ನೂ ಒಂದು ಗಂಟೆ ಮುಂದಕ್ಕೆ ಇಟ್ಟಿದ್ದರು! ಕಳೆಯಬೇಕಿದ್ದದ್ದು ಎರಡೂವರೆ. ಅವರ ಮಧ್ಯರಾತ್ರಿ ಒಂದು ಗಂಟೆ ನಮ್ಮ ಹಿಂದಿನ ದಿನದ ರಾತ್ರಿ ಹತ್ತೂವರೆ. ತಾರೀಖೇ ಬದಲಾಗುತ್ತೆ, ಅಲ್ವಾ? ಎಂಬತ್ತು ಚಿಲ್ಲರೆ ಖಾನೆ ಮತ್ತೆ ತುಂಬಿದೆ.

ನಡುವೆ ಒಂದು ಹುಚ್ಚಾಟ. ಮಾರ್ಚ್ 15ಕ್ಕೆ ಬರ್ಮಾದ ಚಿಂಡ್ವಿನ್ ನದಿ ದಾಟಿದಾಗ ಜಪಾನಿಯರ ಹತ್ತಿರ ಇದ್ದದ್ದು ಮೂರು ವಾರದ ಊಟ. ದಿನಕ್ಕೆ ಮುಕ್ಕಾಲು ಕೆಜಿ ಅಕ್ಕಿ ಅಂದರೂ ತಲೆಗೆ ಹದಿನೈದು ಕೆಜಿ ಮೇಲೆ, ಬಂದೂಕು ಗುಂಡು ಬೇರೆ. ಹದಿನೈದು ಕೆಜಿ ಸೋನಾ ಮಸೂರಿ ಬೆನ್ನಿಗೆ ಹಾಕಿಕೊಂಡು ಶಿವಗಂಗೆ ಹತ್ತಿದೆ. ಒಳಕಲ್ಲು ತೀರ್ಥದ ಹತ್ತಿರ ಮೊಣಕಾಲು ಕೈಕೊಟ್ಟಿತು. ಡಾಕ್ಟರಿಗೆ ಎರಡು ಸಾವಿರ. 'ಅಕ್ಕಿನಾದ್ರೂ ವಾಪಸ್ ತಂದ್ರಾ?' ಅಂತ ಹೆಂಡತಿ ಕೇಳಿದಳು. ಕೆಳಗಿನ ಹೋಟೆಲಿನವನಿಗೆ ಕೊಟ್ಟು ಬಂದಿದ್ದೆ.

ಆದರೆ ಆ ಅಕ್ಕಿಯಿಂದಲೇ ಪಟ್ಟಿಗೆ ಹೊಸ ಸಾಲು ಬಂತು: ಊಟದ ಸಾಲು. ಮಾರ್ಚ್ 15ಕ್ಕೆ ಮೂರು ವಾರ ಕೂಡಿಸಿ. ಏಪ್ರಿಲ್ 5. ಹೆಚ್ಚುಕಮ್ಮಿ ಅದೇ ದಿನ 58ನೇ ರೆಜಿಮೆಂಟು ಕೊಹಿಮಾದ ಬಾಗಿಲಲ್ಲಿತ್ತು. ಅಂದರೆ ಮುತ್ತಿಗೆ ಶುರುವಾಗುವಾಗಲೇ ಚೀಲ ಖಾಲಿ. ಹೊಡೆದುಕೊಂಡು ಬಂದ ದನಗಳು ನದಿಯಲ್ಲಿ, ಕಾಡಿನಲ್ಲಿ ಸತ್ತಿದ್ದವು. 124ನೇ ರೆಜಿಮೆಂಟಂತೂ ಗ್ವಾಡಲ್‌ಕನಾಲ್ ದ್ವೀಪದಲ್ಲಿ ಒಂದು ಸಲ ಹಸಿವಿಂದ ಸತ್ತು ಬದುಕಿದ್ದು. ಆಮೇಲೆ ಸುಮಾರು ಎಂಟು ವಾರ ಸಿಕ್ಕಿದ್ದನ್ನು ತಿಂದು ಕಾದಾಡಿದರು.

ಈ ಸಾಲು ಪಕ್ಕದಲ್ಲಿದ್ದರೆ ಡಿವಿಜನ್ನಿನ ಮುಖ್ಯಸ್ಥ ಸಾತೋ ಕೊತೊಕು ಮೇ ಕೊನೆಯಲ್ಲಿ ಮೇಲಿನವರ ಅಪ್ಪಣೆ ಇಲ್ಲದೆ ಡಿವಿಜನ್ನನ್ನ ಹಿಂದಕ್ಕೆ ಹೊರಡಿಸಿದ್ದು ಬೇರೆ ಥರ ಕಾಣುತ್ತೆ. ಅವನ ಮೇಲಧಿಕಾರಿ ಮುತಗುಚಿ ಕಿಡಿಕಾರಿದ, ಸಾತೋನನ್ನು ಹುದ್ದೆಯಿಂದ ತೆಗೆದರು. ತಲೆ ಸರಿ ಇಲ್ಲ ಅಂತ ಷರಾ ಬರೆದು ವಿಚಾರಣೆಯನ್ನೇ ತಪ್ಪಿಸಿದರು. ನನ್ನ ಪ್ರಕಾರ ಆ ಸೈನ್ಯದಲ್ಲಿ ಅಕ್ಕಿ ಎಣಿಸಲು ಬರುತ್ತಿದ್ದವನು ಅವನೊಬ್ಬನೇ. ಹಿಂದೆ ರಸ್ತೆ ತಡೆಯಲು ಉಳಿದ ಸಾತೋನ ಕೈಕೆಳಗಿನ ಅಧಿಕಾರಿ ಮಿಯಜಾಕಿಯ ಸಣ್ಣ ತುಕಡಿಯ ಸಾಲು ಮಾತ್ರ ಜೂನ್ 22ರ ತನಕ ಓಡುತ್ತೆ. ಅವತ್ತು 109ನೇ ಮೈಲಿಗಲ್ಲಿನ ಹತ್ತಿರ ಬ್ರಿಟಿಷ್ ಕಡೆಯವರಿಗೆ ಕೊಹಿಮಾ-ಇಂಫಾಲ ರಸ್ತೆ ತೆರೆಯಿತು.

ಒಟ್ಟು ಖರ್ಚು ನೆನಪಿದ್ದಷ್ಟು ಲಕ್ಷಕ್ಕೆ ಸ್ವಲ್ಪ ಕಮ್ಮಿ. ಅದರಲ್ಲಿ ಅರ್ಧ ದಿಮಾಪುರದ ವಿಮಾನ, ಕೊಹಿಮಾದ ರೂಮು. ಸುಮ್ನೆ ಹೋದದ್ದಲ್ಲ, ಕೋತಿ ಗುಡ್ಡದಿಂದ ನಾಯಿ ಗುಡ್ಡಕ್ಕೆ ಎಷ್ಟು ದೂರ ಅಂತ ಕಣ್ಣಾರೆ ನೋಡಬೇಕಿತ್ತು. ಕಲ್ಲೆಸೆದರೆ ಮುಟ್ಟುವಷ್ಟು. ನಕಾಶೆಯಲ್ಲಿ ಅದು ಗೊತ್ತೇ ಆಗಲ್ಲ.

ಹೋದ ತಿಂಗಳು ಆ ಹಿರಿಯರು ಫೋನ್ ಮಾಡಿದ್ದರು. ಅವರು ಈಗ ಇನ್ನೊಂದು ಜಪಾನಿ ಡಿವಿಜನ್ನಿನ, 33ನೇದರ, ಬೆನ್ನು ಹಿಡಿದಿದ್ದಾರಂತೆ, ಪಟ್ಟಿಯ ನಕಲು ಬೇಕಂತೆ. ಕಳಿಸಿದೆ, ಪ್ರಾಣಿಗಳ ಸಾಲು ತೆಗೆದು.