ಬರೆಯುವುದೂ ನಾನೇ, ನಟಿಸುವುದೂ ನಾನೇ: ಮಂಡ್ಯ ಸೀಮೆಯ ಸಣ್ಣ ಚಿತ್ರಗಳಿಗೆ ನಾನು ಮಾಡಿಕೊಂಡಿರುವ ಕ್ರಮ

ನಟಿಯೇ ಚಿತ್ರಕಥೆ ಬರೆದಾಗ ಮೊದಲು ಸೊರಗುವುದು ಉಳಿದವರ ಪಾತ್ರ. ಒಳ್ಳೆಯ ಮಾತೆಲ್ಲ ನಮಗೇ ಬಂದು, ಎದುರಿನವರು "ಹೌದಾ?", "ಆಮೇಲೆ?" ಅನ್ನುವುದಕ್ಕಷ್ಟೇ ಉಳಿಯುತ್ತಾರೆ. ಅದಕ್ಕೇ ಎರಡನೇ ಕರಡು ಓದುವಾಗ ನನ್ನ ಪಾತ್ರವನ್ನು ಬೇರೆಯವರಿಗೆ ಕೊಟ್ಟು, ನಾನು ಅತ್ತೆಯದೋ ಪಂಪ್ ರಿಪೇರಿಯವನದೋ ಮಾತು ಓದುತ್ತೇನೆ. ನಾಲ್ಕು ಪುಟ ದಾಟಿದರೂ ನನಗೆ ಆಡಲು ಏನೂ ಸಿಗದಿದ್ದರೆ ಆ ದೃಶ್ಯವನ್ನು ಮತ್ತೆ ಬರೆಯಬೇಕು. ಮೈಸೂರಿನಲ್ಲಿ ಇಂಥ ಓದಿಗೆ ಜನರಿಗೆ ಬರವಿಲ್ಲ; 1989ರಲ್ಲಿ ಶುರುವಾದ ನಾಟಕ ಸಂಸ್ಥೆ ರಂಗಾಯಣದ ಸುತ್ತಮುತ್ತ ಹವ್ಯಾಸಿಗಳು ಬೇಕಾದಷ್ಟಿದ್ದಾರೆ. ಆದರೆ ರಂಗದ ಕಂಠದಲ್ಲಿ ಚೆಂದ ಕೇಳಿದ ಉದ್ದ ಮಾತು ಕಾಲರ್ ಮೈಕಿನಲ್ಲಿ ಭಾಷಣವಾಗಿಬಿಡುತ್ತದೆ. ಓದನ್ನು ಫೋನಿನಲ್ಲಿ ರೆಕಾರ್ಡ್ ಮಾಡಿ, ಎರಡು ದಿನ ಬಿಟ್ಟು ಇಯರ್‌ಫೋನ್ ಹಾಕಿ ಕೇಳಿ. ಎಲ್ಲಿ ಬೇಸರ ಬರುತ್ತದೋ ಅಲ್ಲಿ ಕತ್ತರಿ.

ಮಂಡ್ಯದ ಮಾತು ಬರೆಯುವಾಗ ಎಲ್ಲರ ಬಾಯಿಂದಲೂ ಹಕಾರ ಕಿತ್ತುಹಾಕುವುದು ದೊಡ್ಡ ಚಟ. ಅಜ್ಜಿ "ಅಂಗೇ ಒಂಟೋದ ಕನವ್ವ" ಅಂದರೆ ಸರಿ. ಪಿಯುಸಿ ಓದುವ ಮೊಮ್ಮಗಳು ಮನೆಯಲ್ಲಿ "ಬರಾಕಿಲ್ಲ" ಅಂದವಳು, ಬಸ್ ಸ್ಟ್ಯಾಂಡಿನಲ್ಲಿ "ಬರಲ್ಲ" ಅನ್ನುತ್ತಾಳೆ. ಈ ಬದಲಾವಣೆಯನ್ನು ಪುಟದಲ್ಲೇ ಬರೆದಿಡಬೇಕು. ಸೆಟ್‌ನಲ್ಲಿ ನೋಡಿಕೊಳ್ಳೋಣ ಅಂದರೆ ಕೆಟ್ಟಿತು, ಅಷ್ಟು ಹೊತ್ತಿಗೆ ಬರೆದವಳು ಮೇಕಪ್ ಹಾಕಿಕೊಂಡು ಕೂತಿರುತ್ತಾಳೆ.

ಜಾಗ ನೋಡದೆ ದೃಶ್ಯ ಬರೆಯಬೇಡಿ. ಕಬ್ಬಿನ ಗದ್ದೆ ಚಿತ್ರದಲ್ಲಿ ಸೊಗಸು, ಧ್ವನಿಗೆ ಶತ್ರು. ಸ್ವಲ್ಪ ಗಾಳಿ ಬೀಸಿದರೂ ಗರಿಗಳ ಸದ್ದು ಪಿಸುಮಾತನ್ನೆಲ್ಲ ನುಂಗುತ್ತದೆ. ಗರಿಯ ಅಂಚು ತೋಳು ಕೊಯ್ಯುವುದರಿಂದ ಓಡುವ ದೃಶ್ಯವಿದ್ದರೆ ಪಾತ್ರಕ್ಕೆ ಉದ್ದ ತೋಳಿನ ರವಿಕೆಯನ್ನು ಬರೆಯುವಾಗಲೇ ಕೊಡುತ್ತೇನೆ. ಕಾರ್ಖಾನೆಯಿಂದ ಕಟಾವಿಗೆ ಹೇಳಿಕಳಿಸಿದರೆಂದರೆ ಗದ್ದೆ ಒಂದೆರಡು ದಿನದಲ್ಲಿ ಬೋಳು, ಆದ್ದರಿಂದ ಅಲ್ಲಿನ ದೃಶ್ಯಗಳೆಲ್ಲ ಒಂದೇ ಶೆಡ್ಯೂಲಿನಲ್ಲಿ ಮುಗಿಯಬೇಕು. ವಿಶ್ವೇಶ್ವರಯ್ಯ ನಾಲೆಯದೂ ಇದೇ ಪಾಡು: ಕಟ್ಟು ಪದ್ಧತಿಯಲ್ಲಿ (ಕೆಲವು ದಿನ ಹರಿಸಿ, ಕೆಲವು ದಿನ ನಿಲ್ಲಿಸಿ) ನೀರು ಬಿಡುವಾಗ ಇವತ್ತು ತುಂಬಿ ಹರಿದದ್ದು ಮುಂದಿನ ವಾರ ತಳ ಕಾಣಿಸುತ್ತದೆ. ಪಂಪ್‌ಸೆಟ್‌ಗಳಿಗೆ ತ್ರೀ ಫೇಸ್ ಕರೆಂಟು ಯಾವ ಹೊತ್ತಿಗೆ ಅಂತ ಆ ಊರಿನ ಲೈನ್‌ಮ್ಯಾನ್ ಹತ್ತಿರ ಕೇಳಿಟ್ಟುಕೊಂಡು, ಪಂಪಿನ ಸದ್ದು ಬೀಳದಂತೆ ಮಾತಿರುವ ದೃಶ್ಯಗಳನ್ನು ಬೇರೆ ಹೊತ್ತಿಗೆ ಹಾಕಿಸುತ್ತೇನೆ.

ಆಲೆಮನೆಯಲ್ಲಿ ಗಾಣ ತಿರುಗುತ್ತಿರುವಾಗ ಸಂಭಾಷಣೆ ಬರೆದರೆ ಡಬ್ಬಿಂಗೇ ಗತಿ. ಗಾಣದ ಮುಂದೆ ಮಾತಿಲ್ಲದ ಕೆಲಸ, ಬೆಲ್ಲ ಅಚ್ಚಿಗೆ ಸುರಿದ ಮೇಲೆ ಹೊರಗೆ ಜಗಲಿಯಲ್ಲಿ ಜಗಳ, ಹೀಗೆ ಒಡೆದರೆ ಎರಡೂ ಗೆಲ್ಲುತ್ತವೆ. ಕೊಪ್ಪರಿಗೆಯ ಹಬೆ ಲೆನ್ಸಿಗೆ ಹೊಡೆಯುತ್ತದೆ. ಕ್ಯಾಮೆರಾವನ್ನು ಬ್ಯಾಗಿನಿಂದ ತೆಗೆದು ಆ ಬಿಸಿಗೆ ಒಗ್ಗಲು ಅರ್ಧ ಗಂಟೆ ಬಿಡಿ. ಒಳಗೆ ಟ್ಯೂಬ್‌ಲೈಟ್ ಇದ್ದರೆ ಕ್ಯಾಮೆರಾದ ಷಟರ್ ವೇಗ 1/50 ಸೆಕೆಂಡ್ ಇಡಿ. ನಮ್ಮ ಕರೆಂಟು 50 ಹರ್ಟ್ಜ್, 1/60 ಇಟ್ಟರೆ ಚಿತ್ರ ಮಿಣುಕುತ್ತದೆ.

ನಟಿಸುವ ದಿನಕ್ಕೆ ಬೇಕಾದ ಕಾಗದ ಒಂದೇ. ದೃಶ್ಯದ ಸಂಖ್ಯೆ, ಕಥೆಯಲ್ಲಿ ಅದು ಎಷ್ಟನೇ ದಿನ, ಈಗಷ್ಟೇ ಏನು ನಡೆದಿದೆ, ಮೈಮೇಲೆ ಏನಿದೆ (ಬಳೆ ಎಷ್ಟು, ಕುಂಕುಮ ಅಳಿಸಿದೆಯೋ ಇಲ್ಲವೋ): ಈ ನಾಲ್ಕು ಕಾಲಮ್. ಗಾಜಿನ ಬಳೆ ಮೈಕಿಗೆ ಕಂಟಕ. ಕೈ ಕಾಣದ ಶಾಟ್‌ಗಳಲ್ಲಿ ತೆಗೆದಿಡಿ, ತೆಗೆದದ್ದನ್ನು ಬರೆದಿಡಿ. ರೇಷ್ಮೆ ಸೀರೆಯೊಳಗೆ ಮೈಕು ಉಜ್ಜುತ್ತದೆ, ಮೆತ್ತನೆ ಹತ್ತಿಯಲ್ಲಿ ಅಷ್ಟಿಲ್ಲ. ಟೇಕ್ ಮುಗಿದ ಕೂಡಲೇ ಮಾನಿಟರ್ ಕಡೆಗೆ ಓಡುವ ಆಸೆಯಾಗುತ್ತದೆ. ನಾನು ಓಡುವುದಿಲ್ಲ. ಮುಖ ನೋಡಿಕೊಂಡರೆ ಮುಂದಿನ ಟೇಕಿನಲ್ಲಿ ಆ ಮುಖವನ್ನೇ ಮಾಡತೊಡಗುತ್ತೇವೆ. ಮಾತು ತಪ್ಪಿತೇ ಅಂತ ನೋಡಲು ಸ್ಕ್ರಿಪ್ಟ್ ಹಿಡಿದ ಒಬ್ಬರು ಸಾಕು.

ಕಾಗದಪತ್ರ ಬೇಸರದ ಕೆಲಸ. ಆದರೂ ನಟನೆಗೆ ಒಂದು, ಬರವಣಿಗೆಗೆ ಒಂದು ಅಂತ ಬೇರೆ ಬೇರೆ ಒಪ್ಪಂದ ಮಾಡಿಸಿ. ಒಂದೇ ಹಾಳೆಯಲ್ಲಿ ಸೇರಿಸಿದರೆ ಕಥೆ ಪುಕ್ಕಟೆ ಹೋಗುತ್ತದೆ. ಚಿತ್ರಕಥೆಯನ್ನು ಕೃತಿಸ್ವಾಮ್ಯ ಕಚೇರಿಯಲ್ಲಿ ಸಾಹಿತ್ಯ ಕೃತಿಯಾಗಿ ನೋಂದಾಯಿಸಲು ಶುಲ್ಕ 500 ರೂಪಾಯಿ. ಹಕ್ಕು ಬರೆದುಕೊಡುವಾಗ ಅವಧಿ ನಮೂದಿಸದಿದ್ದರೆ 1957ರ ಕೃತಿಸ್ವಾಮ್ಯ ಕಾಯ್ದೆ ಪ್ರಕಾರ ಅದು 5 ವರ್ಷ, ಪ್ರದೇಶ ನಮೂದಿಸದಿದ್ದರೆ ಭಾರತಕ್ಕೆ ಮಾತ್ರ. "ಶಾಶ್ವತವಾಗಿ, ಜಗತ್ತಿನಾದ್ಯಂತ" ಅನ್ನುವ ಸಾಲು ಕಂಡಲ್ಲಿ ಪೆನ್ನು ಕೆಳಗಿಟ್ಟು ದರ ಮಾತಾಡಿ.